ಕುಲುಕಬಾರದು

ಯಮನಪ್ಪ, ಇಪ್ಪತ್ತೆರಡು, ಕೆಂಪುಕಲ್ಲಿನ ಕೋರೆ, ಬಲಗಾಲು.
ಕೇಸ್‌ಶೀಟಿನಲ್ಲಿ ಇಷ್ಟು ಬರೆದು ಪೆನ್ನು ನಿಂತಿತು.
ಹೆಸರಿಟ್ಟವರಿಗೆ ಏನು ಗೊತ್ತು,
ಕಾರ್ಕಳದ ಈ ಆಸ್ಪತ್ರೆಗೆ ರಾತ್ರಿ ಹನ್ನೊಂದಕ್ಕೆ
ಪಿಕಪ್ಪಿನ ಹಿಂದೆ ಮಲಗಿ ಬರುತ್ತಾನೆಂದು.

ಅವನ ನೆತ್ತರು ಎರಡು ಮಿಲಿ, ಗಾಜಿನ ಕೊಳವೆಯಲ್ಲಿ
ಇಪ್ಪತ್ತು ನಿಮಿಷ ಕೂತಿತ್ತು, ಯಾರೂ ಮುಟ್ಟಲಿಲ್ಲ.
ವಾಲಿಸಿದರೆ ಹರಿಯಿತು,
ಪುನರ್ಪುಳಿ ಶರಬತ್ತಿನ ಹಾಗೆ, ನಾಚಿಕೆಯಿಲ್ಲದೆ.
ಕೊಳಕುಮಂಡಲ, ಎಂದರು ಡಾಕ್ಟರು. ಹತ್ತು ವಯಲ್.

ಕಪಾಟಿನಿಂದ ಹತ್ತು ಪುಟ್ಟ ಬಾಟಲಿ.
ತಳದಲ್ಲಿ ಒಂದೊಂದು ಬಿಳಿ ಹುಡಿಯ ಬಿಲ್ಲೆ,
ಯಾವುದೋ ಕುದುರೆ ವಿಷ ಉಂಡು ಅರಗಿಸಿದ
ನೆತ್ತರಿನ ಸಾರ, ಒಣಗಿಸಿದ್ದು.
ಮುಚ್ಚಳ ಕಿತ್ತು, ರಬ್ಬರು ಒರೆಸಿ
ಹತ್ತು ಮಿಲಿ ನೀರು ಗಾಜಿನ ಗೋಡೆಗುಂಟ ಇಳಿಬಿಡಬೇಕು,
ಬಿಲ್ಲೆಯ ನೆತ್ತಿಗೆ ಹೊಯ್ಯಬಾರದು.
ಆಮೇಲೆ ಅಂಗೈಗಳ ನಡುವೆ ಉರುಳಿಸು.
"ಕುಲುಕಿದೆಯೋ, ನೊರೆ," ಎಂದರು ಸೆವ್ರಿನ್ ಸಿಸ್ಟರ್,
"ನೊರೆಯನ್ನು ಸಿರಿಂಜಿಗೆ ಎಳೀಲಿಕ್ಕೆ ಆಗ್ತದಾ?"

ಉರುಳಿಸುವುದು ನನಗೆ ಯಾರೂ ಕಲಿಸಬೇಕಾಗಿಲ್ಲ.
ಬಜಗೋಳಿಯ ನಮ್ಮ ಜಗಲಿಯಲ್ಲಿ
ತಡ್ಪೆ ಮಡಿಲಿಗಿಟ್ಟು ಅಮ್ಮ ಬೀಡಿ ಸುತ್ತುತ್ತಿದ್ದಳು,
ಪಕ್ಕದಲ್ಲಿ ನಾನು, ಏಳನೇ ಕ್ಲಾಸು,
ಗುಲಾಬಿ ನೂಲು ಹಲ್ಲಲ್ಲಿ ಕಚ್ಚಿ.
ಹೊಗೆಸೊಪ್ಪು ಹೆಚ್ಚಾದರೆ ಬಿಗಿ, ಕಡಿಮೆಯಾದರೆ ಸಡಿಲ,
ಬ್ರಾಂಚಿನ ಸೇಸಪ್ಪಣ್ಣ ಎರಡನ್ನೂ ಮುರಿದು ಹಾಕುತ್ತಿದ್ದ.
ಸಾವಿರಕ್ಕೆ ಇಷ್ಟು ಅಂತ. ಮುರಿದದ್ದಕ್ಕೆ ಏನೂ ಇಲ್ಲ.
ನರ್ಸಿಂಗಿನ ಮೂರು ವರ್ಷದ ಫೀಸು
ಆ ಬೆರಳುಗಳಿಂದ ಉರುಳಿ ಬಂದದ್ದು,
ಎಷ್ಟು ಎದೆಗಳ ಕೆಮ್ಮಾಯಿತೋ, ಲೆಕ್ಕ ಇಟ್ಟವರಿಲ್ಲ.

"ಲಗೂನ ಕೊಡ್ರಿ ಅಕ್ಕಾರ," ಬಾಗಿಲಲ್ಲಿ ಅವನ ಜೊತೆಗಾರ,
ಮೈತುಂಬ ಕೆಂಪು ಹುಡಿ, ಕಣ್ಣು ಮಾತ್ರ ಬಿಳಿ.
"ಔಷಧ ಅಲ್ಲೇ ಐತಲ್ರಿ, ಯಾಕ ತಿಕ್ಕಾಕ ಹತ್ತೀರಿ?"
ಏನೆಂದು ಹೇಳಲಿ?
ನೀರಾಗಿ ಉಳಿದದ್ದು ಅವನ ಮೈಯಲ್ಲಿ ಗಟ್ಟಿಯಾಗಬೇಕು,
ಗಟ್ಟಿಯಾದದ್ದು ನನ್ನ ಕೈಯಲ್ಲಿ ನೀರಾಗಬೇಕು,
ಎರಡಕ್ಕೂ ಅವಸರ ಆಗುವುದಿಲ್ಲ ಮಾರಾಯ.
ಹೇಳಲಿಲ್ಲ. "ಈಗ ಆಯ್ತು" ಎಂದೆ.

ಒಂದು. ಎರಡು. ಮೂರನೆಯದು ಹಠಮಾರಿ,
ಮೂಲೆಯಲ್ಲಿ ಒಂದು ಚೂರು ಕರಗದೆ ಅಂಟಿಕೊಂಡಿದೆ.
ಅಂಗೈಯ ಬಿಸಿ ಅದಕ್ಕೆ, ಅದರ ತಣ್ಪು ನನಗೆ.
ಆರನೆಯದು ಕೈಯಲ್ಲಿದ್ದಾಗ
ಒಸಡಿನಿಂದ ರಕ್ತ ಬಂತೆಂದು ಯಾರೋ ಕೂಗಿದರು,
ನನ್ನ ಮಣಿಕಟ್ಟು ಒಮ್ಮೆ ಜಾಡಿಸಿತು.
ನೊರೆ.
ಕತ್ತಿನವರೆಗೆ, ಆಗಷ್ಟೇ ಕರೆದ ಹಾಲಿನ ಹಾಗೆ.
ಸೇಸಪ್ಪಣ್ಣನ ಬೆರಳು ನೆನಪಾಯಿತು, ಟಪ್ಪೆಂದು ಮುರಿಯುವ ಸದ್ದು.
ಸಿಸ್ಟರ್ ಬಯ್ಯಲಿಲ್ಲ. ಟ್ರೇಯ ತುದಿಗೆ ಅದನ್ನು ಸರಿಸಿ
"ಅದು ಅಲ್ಲಿ ಕೂತ್ಕೊಳ್ಲಿ. ನೀನು ಏಳನೆಯದ್ದು ತೆಗಿ" ಎಂದರು.

ಒಂಬತ್ತು ಸಲೈನಿಗೆ ಸೇರಿ ಹನಿ ಶುರುವಾದ ಮೇಲೆ
ತಿರುಗಿ ನೋಡಿದರೆ ನೊರೆ ಇಳಿದಿತ್ತು,
ಕೆಳಗೆ ತಿಳಿ. ಅದನ್ನೂ ಎಳೆದೆ. ಹತ್ತು.

ಈಗ ಬೆಳಗಿನ ಐದೂವರೆ.
ಮತ್ತೆ ಎರಡು ಮಿಲಿ, ಬೇರೆ ಕೊಳವೆ, ಹೊಸದು, ಒಣಗಿದ್ದು.
ಕೋರೆಯ ಹುಡುಗ ಬೆಂಚಿನಲ್ಲಿ ಕೂತಲ್ಲೇ ನಿದ್ದೆ ಹೋಗಿದ್ದಾನೆ.
ಬಜಗೋಳಿಯಲ್ಲಿ ಅಮ್ಮ ಎದ್ದಿರುತ್ತಾಳೆ,
ರಾತ್ರಿ ನೆನೆಸಿದ ಎಲೆಯನ್ನು ಒದ್ದೆ ಬಟ್ಟೆಯಿಂದ ಬಿಚ್ಚುತ್ತ.
ಹದಿನಾಲ್ಕು ನಿಮಿಷ ಆಗಿದೆ. ಇನ್ನು ಆರು.
ಕೊಳವೆಯನ್ನು ಮುಟ್ಟಬಾರದು, ವಾಲಿಸಬಾರದು.
ಕೂತಿದ್ದೇನೆ. ಮಡಿಲಲ್ಲಿ ನನ್ನ ಎರಡು ಅಂಗೈ
ಏನನ್ನೂ ಹಿಡಿಯದೆ
ಉರುಳಿಸುತ್ತಲೇ ಇವೆ.